ಹಗೇವಿನಲ್ಲಿಟ್ಟ ವಿಮಾನ

ಸಿಂದಗಿಯ ನಮ್ಮ ಓಣಿಗೆ ಕಣಕಿ ಹೇರಿಕೊಂಡ ಟ್ರ್ಯಾಕ್ಟರ್ ಬಂದಾಗಲೆಲ್ಲ ನಾನೊಂದು ದಂಟು ಎಳೆದುಕೊಂಡು, ಸೀಳಿ ಮೂಸುತ್ತೇನೆ. ಒಣಗಿದ ಜೋಳದ ದಂಟಿನ ಬೆಂಡಿಗೆ ಸಿಹಿ ಬೆರೆತ ಧೂಳಿನ ವಾಸನೆ. ಆ ವಾಸನೆಗೆ ನನ್ನ ಕಣ್ಣ ಮುಂದೆ ಬರುವುದು ಹೊಲವಲ್ಲ, ವಿಮಾನ. ನೀವು ನಗಬಹುದು. ಹಳೇ ಕೊಲ್ಹಾರದ ನಮ್ಮ ಮನೆಯ ಪಡಸಾಲೆಯಲ್ಲಿ, ಕೃಷ್ಣೆಯ ಗಾಳಿ ಬರುವ ಕಿಟಕಿಯ ಕೆಳಗೆ, ಅಪ್ಪನ ಅಕ್ಕ ಗಂಗವ್ವ ಅತ್ತಿ ಕಾಲು ಚಾಚಿ ಕೂತು ದಂಟಿನ ಸಿಪ್ಪೆ ಸುಲಿಯುತ್ತಿದ್ದಳು. ಊರವರೆಲ್ಲ ಮಕ್ಕಳಿಗೆ ದಂಟಿನ ಬಂಡಿ ಮಾಡಿಕೊಟ್ಟರೆ ನಮ್ಮತ್ತಿ ಮಾಡುತ್ತಿದ್ದುದು ಕಾಂಕಾರ್ಡ್. ಆ ಮನೆ ಈಗ ಹಿನ್ನೀರಿನ ತಳದಲ್ಲಿದೆ.

ಸಾಲಿ ಮಾಸ್ತರನಾಗಿದ್ದ ಅಪ್ಪ ಒಮ್ಮೆ ಹಳೆಯ ವಾರಪತ್ರಿಕೆಯೊಂದನ್ನು ಗಟ್ಟಿಯಾಗಿ ಓದಿದ್ದ. ಸದ್ದಿಗಿಂತ ವೇಗವಾಗಿ ಹಾರುವ ಆ ವಿಮಾನ ಲಂಡನ್ನಿನಿಂದ ಹೊರಟ ಗಂಟೆಗಿಂತ ಮೊದಲೇ, ನ್ಯೂಯಾರ್ಕಿನ ಗಡಿಯಾರದಂತೆ, ಆ ಊರು ಮುಟ್ಟುತ್ತದೆ ಎಂದು ಅದರಲ್ಲಿತ್ತು. ಅತ್ತಿ ಅದನ್ನು ಮತ್ತೆ ಓದಿಸಿದಳು. ಸೂರ್ಯ, ಭೂಮಿ ಎಂದೆಲ್ಲ ಅಪ್ಪ ವಿವರಿಸಿದರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಹೋದ ಹೊತ್ತನ್ನು ಹಿಂದೆ ಹಾಕುವ ವಿಮಾನ ಒಂದಿದೆ, ಅವಳಿಗೆ ಅಷ್ಟು ಸಾಕಿತ್ತು. ಅವಳ ಅವ್ವ, ನನ್ನ ಆಯಿ, ಸಾಯುವಾಗ ಅತ್ತಿ ಇನ್ನೂ ತಾಳಿಕೋಟೆಯ ಗಂಡನ ಮನೆಯಲ್ಲಿದ್ದಳಂತೆ. ಸುದ್ದಿ ತಿಳಿದು ಓಡಿ ಬರುವಾಗ ಗೊಳಸಂಗಿಯ ಹತ್ತಿರ ಬಸ್ಸು ಕೆಟ್ಟು ನಿಂತು, ಅವಳು ಮನೆ ಮುಟ್ಟುವಷ್ಟರಲ್ಲಿ ಮಣ್ಣು ಕೊಟ್ಟವರು ಹೊಳೆಯಲ್ಲಿ ಮಿಂದು ಬಂದಿದ್ದರು.

"ಆ ಇಮಾನದಾಗ ಕುಂತಿದ್ರ ಅವ್ವನ ಮಾರಿ ನೋಡ್ತಿದ್ದೆ, ತಮ್ಮಾ," ಎಂದಳಂತೆ ಅಪ್ಪನಿಗೆ.

ಬೆಂಡಿನ ಮೈ, ಸಿಪ್ಪೆಯ ರೆಕ್ಕೆ, ಮೊಳೆಯ ಬದಲು ಜಾಲಿ ಮುಳ್ಳು. ಇಳಿಯುವಾಗ ಕಾಂಕಾರ್ಡ್ ತನ್ನ ಉದ್ದ ಮೂಗನ್ನು ಬಗ್ಗಿಸುತ್ತದೆಂದು ಅಪ್ಪ ಹೇಳಿದ್ದರಿಂದ, ಮೂಗನ್ನು ಮುಳ್ಳಿನಲ್ಲಿ ಸಡಿಲವಾಗಿ ಚುಚ್ಚುತ್ತಿದ್ದಳು. ಪಡಸಾಲೆಯ ತುಂಬ ಹಾರಿಸಿ, ನನ್ನ ತೊಡೆಯ ಮೇಲೆ ಇಳಿಸಿ, ಬೆರಳಿನಿಂದ ಮೂಗು ಬಗ್ಗಿಸಿ "ಮುಟ್ಟಿದ್ವಿ" ಎನ್ನುತ್ತಿದ್ದಳು. ಸಿಟ್ಟಿನ ಹೆಂಗಸು, ಆ ಒಂದು ಮಾತನ್ನು ಮಾತ್ರ ಮೆಲ್ಲಗೆ ಆಡುತ್ತಿದ್ದಳು. ಮಳೆಗಾಲ ಬಂದರೆ ಬೆಂಡಿಗೆ ಹುಳ. ಅದಕ್ಕೆ ತನಗೆ ಎಲ್ಲಕ್ಕಿಂತ ಚಂದ ಕಂಡ ವಿಮಾನವನ್ನು ಅಂಗಳದ ಹಗೇವಿನಲ್ಲಿ, ನೆಲದೊಳಗಿನ ಆ ಕಾಳಿನ ಕಣಜದಲ್ಲಿ, ಜೋಳದ ಮೇಲಿಟ್ಟು ಬಾಯಿ ಮುಚ್ಚಿಸಿದಳು. ಅಪ್ಪ ನಕ್ಕಿದ್ದಕ್ಕೆ, ಜೋಳ ಕೆಡದ ಜಾಗದಲ್ಲಿ ಇದ್ಯಾಕೆ ಕೆಡುತ್ತದೆ ಎಂದು ಗದರಿದಳು. ಹಗೇವು ತೆಗೆದಾಗ ಕೆಟ್ಟ ಗಾಳಿ ಹೋಗಲೆಂದು ದಿನವಿಡೀ ಬಾಯಿ ತೆರೆದಿಟ್ಟು, ನಾವು ಇಣುಕದಂತೆ ಅವಳೇ ಕಾವಲು ಕೂರುತ್ತಿದ್ದಳು. ಪ್ರತಿ ಸಲವೂ ವಿಮಾನ ಇಟ್ಟಂತೆಯೇ ಮೇಲೆ ಬರುತ್ತಿತ್ತು.

ಆಮೇಲೆ ಆಣೆಕಟ್ಟಿನ ನೀರು ಬಂತು. ಬಾಗಿಲು, ತೊಲೆ, ಬೀಸುಕಲ್ಲು ಎಲ್ಲವನ್ನೂ ಬಂಡಿಗೆ ಹೇರಿದೆವು. ಹಗೇವನ್ನು ಹೇರುವುದು ಹೇಗೆ? ಹೊಸ ಕೊಲ್ಹಾರದ ಮನೆಯ ಗೋಡೆಯ ಮಾಡದಲ್ಲಿಟ್ಟ ವಿಮಾನ ಒಂದೇ ಮಳೆಗಾಲಕ್ಕೆ ಹಿಟ್ಟಾಯಿತು. ಕೆಲವು ವರ್ಷಕ್ಕೆ ನಿಜವಾದ ಕಾಂಕಾರ್ಡ್‌ಗಳನ್ನೂ ನಿಲ್ಲಿಸಿದರೆಂದು ಅಪ್ಪ ಪೇಪರಿನಲ್ಲಿ ಓದಿದ. ಒಂದು ಬಿದ್ದು ಜನ ಸತ್ತಿದ್ದರು, ಎಣ್ಣೆ ವಿಪರೀತ ಕುಡಿಯುತ್ತಿತ್ತು, ಸದ್ದು ಬಹಳ ಎಂದು ಕಾರಣ ಹೇಳಿದ.

"ಹಂಗಾರ ಇನ್ನ ಎಲ್ಲಾರೂ ತಡಾ ಮಾಡೇ ಮುಟ್ಟೂದು," ಎಂದಳು ಅತ್ತಿ.

ಹೋದ ವರ್ಷ ಅತ್ತಿಯ ಮೈಗೆ ಹುಷಾರಿಲ್ಲವೆಂದು ತಮ್ಮ ಫೋನ್ ಮಾಡಿದ ಕೂಡಲೇ ಹೊರಟೆ. ರಸ್ತೆ ಚೆನ್ನಾಗಿತ್ತು, ಬಸ್ಸೂ ಕೆಡಲಿಲ್ಲ. ಬಸವನ ಬಾಗೇವಾಡಿ ದಾಟುವಾಗ ಮತ್ತೆ ಫೋನ್ ಬಂತು, ನಾನು ಬಸ್ಸು ಹತ್ತಿದ ಹೊತ್ತಿಗೇ ಅತ್ತಿ ಹೋಗಿಬಿಟ್ಟಿದ್ದಳಂತೆ. ಕೊಲ್ಹಾರದಲ್ಲಿ ಇಳಿದಾಗ ಅವರೆಲ್ಲ ಮಣ್ಣು ಕೊಟ್ಟು ಮನೆಗೆ ಬಂದಿದ್ದರು. "ಹೊತ್ತು ಮುಳಗತೈತಿ ಅಂತ ಹಿರ್ಯಾರು ತಡೀಲಿಲ್ಲ, ಅಕ್ಕಾ," ಎಂದ ತಮ್ಮ. ನನಗೆ ಅಳುವೂ ಬರಲಿಲ್ಲ.

ಮೊನ್ನೆ ಮೊಬೈಲಿನಲ್ಲಿ ಕಾಂಕಾರ್ಡ್ ನೋಡಿದೆ. ಪರದೇಶದ ದೊಡ್ಡ ಶೆಡ್ಡಿನೊಳಗೆ, ಹುಳ ಹತ್ತದಂತೆ, ಧೂಳು ಕೂರದಂತೆ ಕಾಪಾಡಿ ನಿಲ್ಲಿಸಿದ್ದಾರೆ. ಅತ್ತಿಗೆ ತೋರಿಸಬೇಕಿತ್ತು. ಅದರ ಮೂಗು ಬಗ್ಗಿತ್ತು. ಅವಳು ಹೇಳುತ್ತಿದ್ದ ಮಾತು ನನ್ನ ನಾಲಿಗೆಯವರೆಗೆ ಬಂತು, ಹೇಳಲಾಗಲಿಲ್ಲ. ನಾನು ಮುಟ್ಟಿರಲಿಲ್ಲ.