ಫ್ರೀಡ್ರುನ್ ಅನ್ನುವ ಹೆಸರು

ಜಪಾನಿನಲ್ಲಿ ದೊಡ್ಡ ಭೂಕಂಪವಾದ ಮರುವರ್ಷ ನಾವು ಯೋಕೋಹಾಮಾಗೆ ಬಂದೆವು. ನನ್ನ ಗಂಡನ ಆಫೀಸು ಶಿನಾಗಾವಾದಲ್ಲಿ. ಬೆಳಿಗ್ಗೆ ಏಳರ ಟ್ರೈನಿಗೆ ಹೋದರೆ ಅವರು ವಾಪಸು ಬರುವ ಹೊತ್ತಿಗೆ ಮಗಳು ಊಟ ಮುಗಿಸಿ ಮಲಗಿರುತ್ತಿದ್ದಳು. ಅವಳಿಗಾಗ ನಾಲ್ಕು ವರ್ಷ. ಹತ್ತಿರದ ಶಿಶುವಿಹಾರಕ್ಕೆ ಸೇರಿಸಿದ್ದೆವು. ಮೂರೇ ತಿಂಗಳಲ್ಲಿ ಅಲ್ಲಿಯ ಮಕ್ಕಳ ಹಾಗೆ ತಲೆ ಬಗ್ಗಿಸಿ ಮಾತಾಡಲು ಕಲಿತಳು.

ನಾನು ಮೈಸೂರಿನ ಒಂದು ಹೈಸ್ಕೂಲಿನಲ್ಲಿ ಹನ್ನೊಂದು ವರ್ಷ ಕನ್ನಡ ಪಾಠ ಮಾಡಿದವಳು. ದಿನಕ್ಕೆ ಐದು ಪೀರಿಯಡ್ ಗಂಟಲು ಹರಿಯುವ ಹಾಗೆ ಮಾತಾಡಿ ಅಭ್ಯಾಸ. ಇಲ್ಲಿ ಬೆಳಿಗ್ಗೆ ಒಂಬತ್ತರಿಂದ ಮಧ್ಯಾಹ್ನ ಎರಡರವರೆಗೆ ನನ್ನ ಬಾಯಿಂದ ಹೊರಡುತ್ತಿದ್ದುದು ಹೆಚ್ಚೆಂದರೆ ಎರಡು ಮಾತು. ಕೊಂಬಿನಿ ಎನ್ನುವ ದಿನಸಿ ಅಂಗಡಿಯ ಇಕ್ಕಟ್ಟಾದ ಓಣಿಯಲ್ಲಿ ಜಾಗ ಬಿಡಿ ಎನ್ನಲು ಸುಮಿಮಾಸೆನ್, ಚಿಲ್ಲರೆ ತೆಗೆದುಕೊಳ್ಳುವಾಗ ಅರಿಗಾತೋ. ಶಿಶುವಿಹಾರದ ಗೇಟಿನಲ್ಲಿ ಉಳಿದ ತಾಯಂದಿರು ನನ್ನನ್ನು ಮಗಳ ಹೆಸರು ಹಿಡಿದು ‘ಇಂಥವಳ ಮಾಮಾ’ ಎಂದು ಕರೆಯುತ್ತಿದ್ದರು. ಅಮ್ಮನನ್ನು ಮಾಮಾ ಎನ್ನುವುದನ್ನು ಕೇಳಿ ಮೊದಮೊದಲು ನಗು ಬರುತ್ತಿತ್ತು. ಆ ನಗುವನ್ನು ಹಂಚಿಕೊಳ್ಳಲು ಪಕ್ಕದಲ್ಲಿ ಕನ್ನಡದವರು ಒಬ್ಬರೂ ಇರಲಿಲ್ಲ. ಆಮೇಲೆ ನಗುವೂ ನಿಂತಿತು.

ಒಂದು ಮಂಗಳವಾರ ಹನ್ನೊಂದರ ಸುಮಾರಿಗೆ ಸಾರಿಗೆ ಒಗ್ಗರಣೆ ಇಡುತ್ತಿದ್ದೆ. ಸಾಸಿವೆ ಸಿಡಿಯುತ್ತಿರುವಾಗಲೇ ಕಾಲ ಕೆಳಗಿನ ನೆಲ ಎತ್ತಿ ಹಾಕಿದಂತಾಯಿತು. ಆ ವರ್ಷ ಸಣ್ಣಪುಟ್ಟ ಅಲುಗಾಟ ಇದ್ದೇ ಇರುತ್ತಿತ್ತು, ಇದು ಹಾಗಿರಲಿಲ್ಲ. ಕಪಾಟಿನ ಬಾಗಿಲು ತೆರೆದುಕೊಂಡು ಡಬ್ಬಿಗಳು ಉರುಳಿದವು. ನಾನು ಬರಿಗಾಲಲ್ಲೇ ಮೂರು ಮಹಡಿ ಇಳಿದು ಓಡಿದೆ.

ಕೆಳಗಿನ ಮನೆಯ ಬಾಗಿಲು ಸಿಕ್ಕಿಕೊಳ್ಳದಂತೆ ಯಾರೋ ಚಪ್ಪಲಿ ಅಡ್ಡ ಇಟ್ಟಿದ್ದರು. ಚೌಕಟ್ಟಿಗೆ ಬೆನ್ನು ಕೊಟ್ಟು ಎತ್ತರದ, ಗಿಡ್ಡವಾಗಿ ಕತ್ತರಿಸಿದ ಬಿಳಿ ಕೂದಲಿನ ವೃದ್ಧೆಯೊಬ್ಬರು ನಿಂತಿದ್ದರು. ಜಪಾನಿನವರಲ್ಲ, ಯೂರೋಪಿನವರು ಎಂದು ನೋಡಿದರೆ ಗೊತ್ತಾಗುತ್ತಿತ್ತು.

“ಹೊರಗೆ ಓಡಬೇಡಿ, ಮೇಲಿಂದ ಏನಾದ್ರೂ ಬಿದ್ದೀತು. ಬನ್ನಿ, ಇಲ್ಲಿ ನಿಂತ್ಕೊಳ್ಳಿ,” ಎಂದರು ಇಂಗ್ಲಿಷಿನಲ್ಲಿ. ಅಲುಗಾಟ ನಿಂತ ಮೇಲೆ ಕೇಳಿದರು, “ಗ್ಯಾಸ್ ಆರಿಸಿದ್ರಾ?”

ನಾನು ಆರಿಸಿರಲಿಲ್ಲ. ಅವರು ಕಂಬಿ ಹಿಡಿದು, ಒಂದೊಂದೇ ಮೆಟ್ಟಿಲು ಹತ್ತಿ ನನ್ನ ಜೊತೆ ಮೇಲೆ ಬಂದರು. ಒಲೆ ಆರಿತ್ತು. ಜೋರಾಗಿ ನಡುಗಿದರೆ ಮೀಟರೇ ಗ್ಯಾಸ್ ನಿಲ್ಲಿಸುತ್ತದೆ ಎಂದು ಹೇಳಿ, ಬಾಗಿಲಾಚೆಯ ಮೀಟರಿನ ಯಾವ ಗುಂಡಿ ಒತ್ತಿದರೆ ಮತ್ತೆ ಬರುತ್ತದೆಂದು ತೋರಿಸಿದರು. ಕರಕಾದ ಒಗ್ಗರಣೆಯ ಘಾಟಿಗೆ ನಾಲ್ಕು ಸಲ ಸೀನಿದರು. “ಮುಂದಿನ ಮಂಗಳವಾರ ಕಾಫಿಗೆ ಬನ್ನಿ,” ಎಂದು ಹೇಳಿ ಇಳಿದು ಹೋದರು.

ಹೀಗೆ ನಮ್ಮ ಮಂಗಳವಾರಗಳು ಶುರುವಾದವು. ನಾವು ಮಾತಾಡಿದ್ದೆಲ್ಲ ಇಂಗ್ಲಿಷಿನಲ್ಲಿ. ಅದು ಇಬ್ಬರದೂ ಅಲ್ಲದ ಭಾಷೆಯಾದ್ದರಿಂದ ಇಬ್ಬರೂ ನಿಧಾನವಾಗಿ ಮಾತಾಡುತ್ತಿದ್ದೆವು. ಅವರು ಜರ್ಮನಿಯವರು. ಅಲ್ಲಿಗೆ ಓದಲು ಬಂದಿದ್ದ ಜಪಾನಿನ ಇಂಜಿನಿಯರೊಬ್ಬರನ್ನು ಮದುವೆಯಾಗಿ ಚಿಕ್ಕ ವಯಸ್ಸಿನಲ್ಲೇ ಇಲ್ಲಿಗೆ ಬಂದವರು. ಗಂಡ ತೀರಿಕೊಂಡು ಬಹಳ ವರ್ಷವಾಗಿತ್ತು. ಮಕ್ಕಳಿಲ್ಲ. ಬಾಗಿಲ ಮೇಲಿನ ಫಲಕದಲ್ಲಿ ಗಂಡನ ಮನೆತನದ ಹೆಸರಷ್ಟೇ ಇತ್ತು. ಹಾಗಾಗಿ ಮೂರನೆಯ ಮಂಗಳವಾರ ನಾನೇ ಅವರ ಹೆಸರು ಕೇಳಿದೆ.

“ಫ್ರೀಡ್ರುನ್,” ಎಂದರು.

ಮೈಸೂರಿನ ನನ್ನ ನಾಲಿಗೆಗೆ ಮೊದಲು ಬಂದದ್ದು ‘ಪ್ರೀಡ್ರುನ್’. ಕೆಳತುಟಿಯನ್ನು ಹಲ್ಲಿಗೆ ತಾಗಿಸಿ ತೋರಿಸಿದರು. ಮೂರನೆಯ ಸಲಕ್ಕೆ ನನಗೆ ಸರಿಯಾಗಿ ಬಂತು. ಅವರು ಕಪ್ಪನ್ನು ಕೆಳಗಿಟ್ಟು, “ಇನ್ನೊಂದ್ಸಲ ಹೇಳಿ,” ಎಂದರು. ಹೇಳಿದೆ.

ಇಲ್ಲಿಯವರ ಬಾಯಲ್ಲಿ ಆ ಹೆಸರು ‘ಫುರೀಡೋರುನ್’ ಆಗುತ್ತಿತ್ತಂತೆ. ಅತ್ತೆಗೆ ಅದೂ ಉದ್ದವಾಗಿ ‘ರುನ್’ ಎಂದರಂತೆ. ಅತ್ತೆ ಹೋದ ಮೇಲೆ ಅದನ್ನೂ ಕರೆಯುವವರಿಲ್ಲ. ಅಂಗಡಿಯವರಿಗೆ ಒಕುಸಾನ್, ಅಂದರೆ ಮನೆಯೊಡತಿ. ಈಗ ಕೆಲವು ವರ್ಷದಿಂದ ಒಬಾಸಾನ್, ಅಜ್ಜಿ.

“ದೊಡ್ಡ ಭೂಕಂಪ ಆದ ವಾರ ಮಿನಾಟೋದಲ್ಲಿರೋ ನಮ್ಮ ದೇಶದ ರಾಯಭಾರ ಕಚೇರಿಯಿಂದ ಫೋನ್ ಬಂತು,” ಎಂದರು. “ಒಬ್ಬಳು ಹುಡುಗಿ. ನನ್ನ ಹೆಸರು ಪೂರ್ತಿ ಹೇಳಿದಳು, ಎಷ್ಟು ಚೆನ್ನಾಗಿ ಹೇಳಿದಳು ಅಂತೀರಿ! ಊರಿಗೆ ಹೋಗ್ತೀರಾ ಅಂತ ಕೇಳ್ತಿದ್ದಳು. ನಾನು ಸರಿಯಾಗಿ ಕೇಳಿಸ್ತಿಲ್ಲ ಅಂತ ಸುಳ್ಳು ಹೇಳಿದೆ, ಇನ್ನೊಂದು ಸಲ ಹೆಸರು ಹೇಳಲಿ ಅಂತ.”

“ಹೋಗಲಿಲ್ಲ ಯಾಕೆ?”

“ಅಲ್ಲಿ ಯಾರಿದ್ದಾರೆ? ತಂಗಿಯ ಮಗಳು ಒಬ್ಬಳು. ಇಲ್ಲಿ ಗಂಡನ ಸಮಾಧಿ ಆದರೂ ಇದೆ.”

ಹೆಸರಿನ ಅರ್ಥವನ್ನು ಅವರು ಒಂದು ಹಾಳೆಯ ಮೇಲೆ ಬರೆದು ಬಿಡಿಸಿದರು. ಫ್ರೀಡ್ ಎಂದರೆ ಹಳೆಯ ಜರ್ಮನ್ನಿನಲ್ಲಿ ಶಾಂತಿ, ಆಸರೆ. ರುನ್ ಎಂದರೆ ಗುಟ್ಟು. ಪಿಸುಗುಟ್ಟುವುದಕ್ಕೆ ಅವರ ಭಾಷೆಯಲ್ಲಿರುವ ಒಂದು ಹಳೆಯ ಮಾತೂ ಅದೇ ಬೇರಿನದು. ಕಲ್ಲಿನ ಮೇಲೂ ಮರದ ಮೇಲೂ ಕೊರೆಯುತ್ತಿದ್ದ ಪುರಾತನ ಅಕ್ಷರಗಳನ್ನೂ ಆ ಹೆಸರಿಂದಲೇ ಕರೆಯುತ್ತಾರಂತೆ.

ಎಷ್ಟೋ ತಿಂಗಳ ಮೇಲೆ ನನ್ನೊಳಗಿನ ಮೇಷ್ಟ್ರು ಎದ್ದು ಕೂತರು. “ಇದು ಸಮಾಸ! ವಿಗ್ರಹ ವಾಕ್ಯ ಏನು ಹೇಳಿ. ಶಾಂತಿಯ ಗುಟ್ಟಾ? ಶಾಂತವಾದ ಗುಟ್ಟಾ?”

ಸಮಾಸ ಎಂದರೇನೆಂದು ಅವರಿಗೆ ಅರ್ಥ ಮಾಡಿಸಲು ಅರ್ಧ ಗಂಟೆ ಹಿಡಿಯಿತು. ತತ್ಪುರುಷ, ಕರ್ಮಧಾರಯ, ದ್ವಂದ್ವ ಎಲ್ಲಕ್ಕೂ ಉದಾಹರಣೆ ಕೊಟ್ಟೆ. ಅಷ್ಟು ಮಾತಾಡಿ ಒಂದು ವರ್ಷವಾಗಿತ್ತು, ಗಂಟಲು ಒಣಗಿತು. ಅವರು ಗಂಭೀರವಾಗಿ ಕೇಳಿಸಿಕೊಂಡು ತಲೆಯಾಡಿಸಿದರು.

“ಯಾವುದೂ ಅಲ್ಲ. ನಮ್ಮಲ್ಲಿ ಹಿಂದೆ ಹೆಸರಿಡೋವಾಗ ಅಪ್ಪನ ಹೆಸರಿಂದ ಒಂದು ತುಂಡು, ಅಮ್ಮನ ಹೆಸರಿಂದ ಒಂದು ತುಂಡು ತಗೊಂಡು ಜೋಡಿಸ್ತಿದ್ರು. ನಮ್ಮಪ್ಪನ ಹೆಸರಲ್ಲಿ ಶಾಂತಿ ಇತ್ತು, ಅಮ್ಮನ ಹೆಸರಲ್ಲಿ ಗುಟ್ಟು ಇತ್ತು. ಎರಡೂ ಸೇರಿ ಏನಾಗುತ್ತೆ ಅಂತ ಯಾರೂ ಯೋಚನೆ ಮಾಡ್ತಿರಲಿಲ್ಲ.”

“ಹಾಗಾದ್ರೆ ದ್ವಂದ್ವ,” ಎಂದೆ. ಅವರು ನಕ್ಕರು. ನನಗೋ ಆ ದಿನವೆಲ್ಲ ಹಬ್ಬ. ರಾತ್ರಿ ಗಂಡ ಬಂದ ಮೇಲೆ, “ರೀ, ಕೆಳಗಡೆ ಅಜ್ಜಿ ಹೆಸರಿನ ಅರ್ಥ ಶಾಂತಿ, ಗುಟ್ಟು ಅಂತೆ. ಎಷ್ಟು ಚೆನ್ನಾಗಿದೆ ಅಲ್ವಾ?” ಎಂದೆ. “ಹೂಂ, ನೈಸ್. ಚಾರ್ಜರ್ ನೋಡಿದ್ಯಾ?” ಎಂದರು ಅವರು.

ಮುಂದಿನ ವಾರ ನಾನು ಅದೇ ಹುರುಪಿನಲ್ಲಿ ಹೋಗಿ, ಇಷ್ಟು ಒಳ್ಳೆಯ ಹೆಸರನ್ನು ಯಾರು ಹುಡುಕಿ ಇಟ್ಟರು ಎಂದು ಕೇಳಿದೆ.

“ಅಪ್ಪ. ಶಾಲಾ ಮಾಸ್ತರರು, ನಿಮ್ಮ ಹಾಗೇ. ನಾನು ಹುಟ್ಟಿದಾಗ ನಮ್ಮ ದೇಶದಲ್ಲಿ ಅಧಿಕಾರಕ್ಕೆ ಬಂದಿದ್ದವರು ಯಾರು ಅಂತ ನಿಮಗೆ ಗೊತ್ತಲ್ಲ. ಯಹೂದಿಗಳನ್ನ ಓಡಿಸ್ತಿದ್ದ ಕಾಲ. ಆಗ ಹಳೇ ಜರ್ಮನ್ ಹೆಸರುಗಳನ್ನ ಅಗೆದು ತೆಗೆದು ಮಕ್ಕಳಿಗೆ ಇಡೋದು ದೇಶಭಕ್ತಿ ಆಗಿತ್ತು. ನಮ್ಮಪ್ಪನಿಗೆ ಅವರ ಮೇಲೆ ನಂಬಿಕೆ. ಯುದ್ಧ ಮುಗಿದ ಮೇಲೆ ಕ್ಲಾಸಿನಲ್ಲಿ ಹಾಜರಿ ಕೂಗಿದರೆ ಸಾಕು, ನಾನು ಎಂಥ ಮನೆಯಿಂದ ಬಂದವಳು ಅಂತ ಎಲ್ಲರಿಗೂ ಗೊತ್ತಾಗ್ತಿತ್ತು. ಹೊಸ ಮೇಷ್ಟ್ರು ನನ್ನ ಹೆಸರು ಬಂದಾಗ ಸ್ವಲ್ಪ ತಡೆದು ಆಮೇಲೆ ಕೂಗ್ತಿದ್ರು.”

ಅವರು ನನ್ನ ಕಪ್ಪಿಗೆ ಇನ್ನಷ್ಟು ಕಾಫಿ ಬಗ್ಗಿಸಿದರು.

“ಇಲ್ಲಿಗೆ ಬಂದಾಗ ಎಷ್ಟು ಹಗುರ ಆಯ್ತು ಗೊತ್ತಾ? ಇವರಿಗೆ ಅದು ಬರೀ ಒಂದು ಶಬ್ದ. ಹಾಳು ಮಾಡಿ ಹೇಳಿದಷ್ಟೂ ನನಗೆ ಖುಷಿ. ಐವತ್ತು ವರ್ಷ ಅದನ್ನ ಬಚ್ಚಿಟ್ಟೆ. ಈಗ ನೋಡಿ, ಕೇಳಬೇಕು ಅನ್ನಿಸುತ್ತೆ. ಹೆಸರಿನ ತಪ್ಪೇನಿದೆ ಅದರಲ್ಲಿ?” ಕಪ್ಪಿನ ಅಂಚನ್ನು ಬೆರಳಲ್ಲಿ ಒರೆಸಿದರು. “ನೀವು ನನ್ನನ್ನ ಹೆಸರು ಹಿಡಿದೇ ಕರೀರಿ. ಬರೀ ಹೆಸರು. ಮರ್ಯಾದೆಗೆ ಅಂತ ಸಾನ್ ಗೀನ್ ಏನೂ ಬೇಡ.”

ನಾನು ಆಗಲಿ ಎಂದೆ. ಆದರೆ ಆಗಲಿಲ್ಲ. ನನ್ನ ತಾಯಿಗಿಂತ ಹದಿನೈದು ವರ್ಷ ದೊಡ್ಡವರು. ಮೊದಲ ದಿನ ಹೆಸರನ್ನು ಅಭ್ಯಾಸ ಮಾಡಿದ್ದು ಒಂದು ಮಾತು, ಎದುರಿಗೆ ನಿಂತು ಆ ಹೆಸರು ಹಿಡಿದು ಕೂಗುವುದು ಇನ್ನೊಂದು. ನಮ್ಮ ಮನೆಯಲ್ಲಿ ಎದುರುಮನೆಯ ಹಿರಿಯರನ್ನು ಹೆಸರು ಹಿಡಿದು ಕರೆದರೆ ಬೆನ್ನ ಮೇಲೆ ಬೀಳುತ್ತಿತ್ತು. ಪ್ರತಿ ವಾರ ಬೆಲ್ ಒತ್ತುವ ಮೊದಲು ಇವತ್ತು ಕರೆಯಬೇಕು ಎಂದುಕೊಳ್ಳುತ್ತಿದ್ದೆ. ಬಾಗಿಲು ತೆರೆದ ಕೂಡಲೆ ಬಾಯಿಂದ ಬರುತ್ತಿದ್ದುದು ‘ಆಂಟಿ’. ಒಂದೆರಡು ಸಲ ಅವರ ಮುಖ ನೋಡಿದೆ. ಅವರು ಮತ್ತೆ ಕೇಳಲಿಲ್ಲ. ಕಾಫಿಗೆ ಹಾಲು ಎಷ್ಟು ಎಂದಷ್ಟೇ ಕೇಳಿದರು.

ಎರಡನೆಯ ಚಳಿಗಾಲದಲ್ಲಿ, ಒಂದು ಮಂಗಳವಾರ ಎಷ್ಟು ಬೆಲ್ ಒತ್ತಿದರೂ ಬಾಗಿಲು ತೆರೆಯಲಿಲ್ಲ. ಒಳಗೆ ರೇಡಿಯೋ ಹಾಡುತ್ತಿತ್ತು. ಕಟ್ಟಡದ ಮೇಲ್ವಿಚಾರಕರನ್ನು ಕೈಹಿಡಿದು ಎಳೆದುಕೊಂಡು ಬಂದೆ, ಜಪಾನಿ ಭಾಷೆಯಲ್ಲಿ ಹೇಳಲು ನನಗೆ ಮಾತು ಸಿಗಲಿಲ್ಲ. ಅವರು ಬೀಗ ತೆಗೆದರು. ಆಂಟಿ ಬಚ್ಚಲಮನೆಯ ಬಾಗಿಲಲ್ಲಿ ಬಿದ್ದಿದ್ದರು. ಸೊಂಟದ ಮೂಳೆ ಮುರಿದಿತ್ತು.

ಆಪರೇಷನ್ ಆದ ಮೂರನೆಯ ದಿನ ಮಗಳನ್ನು ಕರೆದುಕೊಂಡು ಆಸ್ಪತ್ರೆಗೆ ಹೋದೆ. ಅವರು ಕಣ್ಣು ಮುಚ್ಚಿ ಮಲಗಿದ್ದರು. ನರ್ಸ್ ಬಾಗಿ, ಗಂಡನ ಮನೆತನದ ಹೆಸರಿಗೆ ಸಾಮಾ ಸೇರಿಸಿ, ಬಹಳ ಮರ್ಯಾದೆಯಿಂದ ಎರಡು ಮೂರು ಸಲ ಕರೆದರು. ರೆಪ್ಪೆ ಅಲುಗಲಿಲ್ಲ. ನರ್ಸ್ ನನ್ನ ಮಗಳಿಗೆ ಏನೋ ಹೇಳಿದರು.

“ಏನಂತೆ?” ಎಂದೆ.

“ಅಮ್ಮಾ, ನೀನು ಕರೀಬೇಕಂತೆ. ನಿನ್ನೆಯಿಂದ ಅಜ್ಜಿ ಏಳ್ತಾನೇ ಇಲ್ವಂತೆ.”

“ಆಂಟಿ,” ಎಂದೆ. ಏನೂ ಆಗಲಿಲ್ಲ. ಆಮೇಲೆ ಅವರ ಕಿವಿಯ ಹತ್ತಿರ ಬಾಗಿ, ಕೆಳತುಟಿಯನ್ನು ಹಲ್ಲಿಗೆ ತಾಗಿಸಿ, “ಫ್ರೀಡ್ರುನ್,” ಎಂದೆ. ಎರಡನೆಯ ಸಲಕ್ಕೆ ಕಣ್ಣು ತೆರೆದರು. ನನ್ನನ್ನೇ ನೋಡಿದರು. ಮಾತು ಶುರು ಮಾಡಿದರು.

ಜರ್ಮನ್ನಿನಲ್ಲಿ. ಚಿಕ್ಕ ಹುಡುಗಿಯ ಹಾಗೆ ಅವಸರವಾಗಿ, ನಡುವೆ ಏನೋ ಕೇಳುತ್ತ, ನನ್ನ ಉತ್ತರಕ್ಕೆ ಕಾಯುತ್ತ, ಮತ್ತೆ ಮುಂದುವರಿಸುತ್ತ ಮಾತಾಡಿದರು. ನನಗೆ ಒಂದು ಅಕ್ಷರವೂ ತಿಳಿಯಲಿಲ್ಲ. ಅವರ ಕೈ ಹಿಡಿದು ಹೂಂ, ಹೂಂ ಎಂದು ಕನ್ನಡದಲ್ಲೇ ಹೂಂಗುಟ್ಟುತ್ತ ಕೂತೆ. ಅವರು ಯಾರೊಂದಿಗೆ ಮಾತಾಡುತ್ತಿದ್ದರೋ, ಅವರು ನಾನಲ್ಲ ಎಂಬುದಂತೂ ಸ್ಪಷ್ಟವಾಗಿತ್ತು. ಹತ್ತು ನಿಮಿಷವಾದ ಮೇಲೆ ದಣಿದು ನಿದ್ದೆ ಹೋದರು. ನರ್ಸ್ ನನಗೆ ತಲೆ ಬಗ್ಗಿಸಿ ಅರಿಗಾತೋ ಹೇಳಿದರು. ಆಸ್ಪತ್ರೆಯ ಹೊರಗೆ ಬಂದು ಬೆಂಚಿನ ಮೇಲೆ ಕೂತು ಅತ್ತೆ. “ಅಮ್ಮಾ, ದೈಜೋಬು?” ಎಂದು ಮಗಳು ಕೇಳುತ್ತಿದ್ದಳು. ಪರವಾಗಿಲ್ವಾ ಎಂದು ಅದರ ಅರ್ಥ. ಪರವಾಗಿಲ್ಲ ಎಂದೆ.

ಆಂಟಿಯನ್ನು ಕರೆದುಕೊಂಡು ಹೋಗಲು ಅವರ ತಂಗಿಯ ಮಗಳು ಜರ್ಮನಿಯಿಂದ ಬಂದರು. ಅರವತ್ತರ ಹತ್ತಿರದ, ಒಳ್ಳೆಯ ಹೆಂಗಸು. ಮನೆ ಖಾಲಿ ಮಾಡಲು ಎರಡು ವಾರ ನಾನೂ ಜೊತೆಗೂಡಿದೆ. ದೊಡ್ಡಮ್ಮನಿಗೆ ಎಂಥ ಅಪರೂಪದ ಹೆಸರು ಎಂದು ನಾನು ಹೇಳಿದಾಗ ಅವರು ಪೆಟ್ಟಿಗೆಗೆ ಟೇಪ್ ಹಚ್ಚುತ್ತ, “ನಾವು ಯಾವತ್ತೂ ದೊಡ್ಡಮ್ಮ ಅಂತಲೇ. ಟಿಕೆಟ್ ಬುಕ್ ಮಾಡೋವಾಗ ಪಾಸ್‌ಪೋರ್ಟ್ ನೋಡಿ ಸ್ಪೆಲ್ಲಿಂಗ್ ಬರೆದೆ,” ಎಂದರು.

ಹೋಗುವ ದಿನ ಗಾಲಿಕುರ್ಚಿಯಲ್ಲಿ ಕೂತಿದ್ದ ಆಂಟಿಗೆ ನನ್ನ ಗುರುತು ಸಿಕ್ಕಿತು. “ದ್ವಂದ್ವ,” ಎಂದು ನಕ್ಕರು. ಆಸ್ಪತ್ರೆಯಲ್ಲಿ ನಾನು ಹೆಸರು ಹಿಡಿದು ಕರೆದದ್ದು ಅವರಿಗೆ ನೆನಪಿತ್ತೋ ಇಲ್ಲವೋ, ಕೇಳಲು ಧೈರ್ಯ ಬರಲಿಲ್ಲ. ಟ್ಯಾಕ್ಸಿಯ ಬಾಗಿಲು ತಾನಾಗಿ ಮುಚ್ಚಿಕೊಂಡಿತು.

ಒಂದೂವರೆ ವರ್ಷದ ಮೇಲೆ ಅವರು ತೀರಿಕೊಂಡ ಸುದ್ದಿ ಕಾಗದದಲ್ಲಿ ಬಂತು. ಜರ್ಮನಿಯಲ್ಲೇ ಮಣ್ಣು ಮಾಡಿದ್ದರು. ಆಗುವುದಾದರೆ ಒಮ್ಮೆ ದೊಡ್ಡಪ್ಪನ ಸಮಾಧಿಗೆ ಹೂವಿಟ್ಟು ಬರುತ್ತೀರಾ ಎಂದು ಆ ಹೆಂಗಸು ಕೇಳಿ, ವಿಳಾಸ ಬರೆದಿದ್ದರು.

ಗುಡ್ಡದ ಮೇಲಿನ ಚಿಕ್ಕ ಬೌದ್ಧ ದೇವಸ್ಥಾನದ ಹಿಂದೆ ಆ ಸಮಾಧಿ. ನಾನು ಹೋದದ್ದು ಜನ ತಮ್ಮ ಹಿರಿಯರ ಕಲ್ಲು ತೊಳೆಯಲು ಬರುವ ದಿನ. ಎಲ್ಲರೂ ಸಂಸಾರ ಸಮೇತ ಬಂದಿದ್ದರು. ನಾನೂ ಅವರನ್ನು ನೋಡಿ ಬಕೆಟ್ಟಿನಲ್ಲಿ ನೀರು ತುಂಬಿಕೊಂಡು, ಎಂದೂ ಕಾಣದ ಒಬ್ಬರ ಕಲ್ಲನ್ನು ಹುಡುಕಿದೆ. ಅದರ ಪಕ್ಕದ ಮೈಯಲ್ಲಿ ಗಂಡನ ಹೆಸರಿನ ಬದಿಗೆ ಇನ್ನೊಂದು ಹೆಸರು ಕೊರೆದು ಕೆಂಪು ಬಣ್ಣ ತುಂಬಿತ್ತು. ಒಂದೊಂದೇ ಅಕ್ಷರ ಕೂಡಿಸಿ ಓದಿದೆ: ಫುರೀಡೋರುನ್.

ಅಂಗಳ ಗುಡಿಸುತ್ತಿದ್ದ ಅರ್ಚಕರು ಹತ್ತಿರ ಬಂದರು. ನನ್ನ ಅರೆಬರೆ ಜಪಾನಿಯಲ್ಲಿ ಈ ಕೆಂಪು ಯಾಕೆ ಎಂದು ಕೇಳಿದೆ. ಬದುಕಿರುವ ಹೆಂಡತಿಯ ಹೆಸರನ್ನು ಹಾಗೆ ಬರೆಸಿಡುತ್ತಾರೆ, ಹೋದ ಮೇಲೆ ಕೆಂಪನ್ನು ತೆಗೆಸುತ್ತಾರೆ ಎಂದರು.

“ಅವರು ಹೋಗಿಬಿಟ್ಟರು,” ಎಂದೆ.

ಅವರು ಕೈ ಮುಗಿದರು. ಆಮೇಲೆ, “ನೀವು ಅವರಿಗೆ ಏನಾಗಬೇಕು?” ಎಂದು ಕೇಳಿದರು.

ಮೇಲಿನ ಮನೆಯವಳು ಎಂದೆ. ಕೆಂಪು ತೆಗೆಸಲು ಮನೆಯವರು ಯಾರಾದರೂ ಹೇಳಿಕಳಿಸಬೇಕು ಎಂದು ಅವರು ಬಹಳ ಸಂಕೋಚದಿಂದ ತಿಳಿಸಿದರು. ಜರ್ಮನಿಗೆ ಬರೆದೆ. ಉತ್ತರ ಬರಲಿಲ್ಲ. ಮರುವರ್ಷ ಅದೇ ವಾರ ಹೋದಾಗಲೂ ಅಕ್ಷರಗಳು ಕೆಂಪಾಗೇ ಇದ್ದವು. ನೀರು ಹೊಯ್ದು, ಎಲೆಗಳನ್ನು ತೆಗೆದು, ಹೂವಿಟ್ಟೆ. ಎರಡು ಗಂಟೆಗೆ ಮಗಳ ಸ್ಕೂಲು ಬಿಡುತ್ತಿತ್ತು, ಬೇಗ ಬೇಗ ಗುಡ್ಡ ಇಳಿದೆ.