ಹೊಳೆಯಲ್ಲಿ ಕೈಗೆ ಬಂದ ಜಡೆ

ಜಡೆ ಹಿಡಿದು ಎಳೆದೆ. ಇಡೀ ತಲೆಗೂದಲೇ ಕಿತ್ತುಕೊಂಡು ನನ್ನ ಕೈಗೆ ಬಂತು. ನಡುಹೊಳೆಯಲ್ಲಿ ನನ್ನ ಜೀವ ಬಾಯಿಗೆ ಬಂದಿತ್ತು.

ಅರವತ್ತರ ದಶಕದ ಮಾತು. ಹೊಳೆನರಸೀಪುರದ ಹೇಮಾವತಿಯಲ್ಲಿ ಎತ್ತುಗಳ ಮೈ ತೊಳೆಯುತ್ತಿದ್ದಾಗ, ಕೆಂಪು ಸೀರೆಯ ಹೆಂಗಸೊಬ್ಬಳು ಸೇತುವೆಯಿಂದ ಧುಮುಕಿದಳು. ಎತ್ತು ಬಿಟ್ಟು ಈಜಿ ಹೋದೆ. ಮುಳುಗುವವರಿಗೆ ಕೈ ಕೊಟ್ಟರೆ ನಮ್ಮನ್ನೂ ಮುಳುಗಿಸುತ್ತಾರೆ, ಕೂದಲು ಹಿಡಿದೇ ಎಳೆಯಬೇಕು ಎಂದು ಹೊಳೆದಂಡೆಯ ನಮಗೆಲ್ಲ ಹಿರಿಯರು ಕಲಿಸಿದ್ದರು. ಹಾಗೇ ಮಾಡಿದ್ದೆ.

ನೀರಿನಿಂದ ಮೇಲೆದ್ದದ್ದು ಕ್ರಾಪಿನ ತಲೆ. ಹಣೆಗೆ ಕುಂಕುಮ, ತುಟಿಗೆ ಬಣ್ಣ ಹಚ್ಚಿದ್ದ ಗಂಡಸು!

“ಯಾಕಣ್ಣ ಬಂದೆ? ಸಿನಿಮಾ ಶೂಟಿಂಗ್ ಕಣಣ್ಣ ಇದು. ಹೀರೋಯಿನ್ ಬದ್ಲು ಸೇತ್ವೆಯಿಂದ ನಾನು ಆರಿದ್ದು. ನೀನು ಅಡ್ಡ ಬಂದ್ಬುಟ್ಟೆ, ಈಗ ಇನ್ನೊಂದ್ಸಲ ಆರ್ಬೇಕು” ಎಂದ. ನಮ್ಮ ಸೀಮೆಯದೇ ಮಾತು. ಎದುರು ದಡದ ಮರದಡಿ ಇದ್ದ ಕ್ಯಾಮೆರಾ ನನಗೆ ಆಗಲೇ ಕಂಡದ್ದು.

ದಡಕ್ಕೆ ಬಂದಾಗ ನೋಡಿದರೆ, ನೀರಿಗೆ ಬಿದ್ದ ರಭಸಕ್ಕೆ ಅವನ ಎಡಭುಜದ ಕೀಲು ತಪ್ಪಿ ಕೈ ಜೋತಾಡುತ್ತಿತ್ತು. “ಬ್ಯಾಡ ಕಣಪ್ಪ, ಆ ಕೈಯಾಗೆ ಆರ್ಬ್ಯಾಡ” ಎಂದು ಅಂಗಲಾಚಿದೆ. ಅವನು ಬಲಗೈ ಚಾಚಿ ಜಡೆ ಇಸಿದುಕೊಂಡು ಸೇತುವೆ ಹತ್ತಿದ. ನಾನು ಕಣ್ಣು ಮುಚ್ಚಿಕೊಂಡೆ. ಧೊಪ್ಪನೆ ಸದ್ದು ಮಾತ್ರ ಕೇಳಿತು.

ಮುಂದೆ ಆ ಚಿತ್ರ ನಮ್ಮೂರ ಟೆಂಟಿಗೆ ಬಂತು. ನಾಯಕಿ ಹೊಳೆಗೆ ಹಾರಿದಾಗ ಪಕ್ಕದಲ್ಲಿ ನನ್ನ ಹೆಂಡತಿ ಸೆರಗಿನಿಂದ ಕಣ್ಣೊರೆಸಿಕೊಂಡಳು. ನಾನು ನೋಡಿದ್ದು ಕೈಗಳನ್ನು. ಗಾಳಿಯಲ್ಲಿ ಚಾಚಿದ್ದು ಬಲಗೈ ಒಂದೇ.