ತಿರಸ್ತಿಯ ಗೆರೆ, ನೇಸರಗಿಯ ಬಾಗಿಲು

ಹಸಿ ಸುಣ್ಣದ ವಾಸನೆ ಎಲ್ಲಿ ಬಂದರೂ ನೇಸರಗಿಯ ನಮ್ಮ ಹಳೆಯ ಮನೆ ಕಣ್ಣಮುಂದೆ ನಿಲ್ಲುತ್ತದೆ. ಈಗ ರಾಮದುರ್ಗದಲ್ಲಿ ನಾನಿರುವ ಮನೆಗೆ ಡಬ್ಬಿಯ ಬಣ್ಣ ಹಚ್ಚುತ್ತಾರೆ. ಆದರೆ ಓಣಿಯಲ್ಲಿ ಯಾರಾದರೂ ಸುಣ್ಣದ ಹರಳಿಗೆ ನೀರು ಹಾಕಿದರೆ ಸಾಕು, ಮೂಗಿನೊಳಗೆ ಚುರುಗುಟ್ಟುವ ಆ ಬಿಸಿ ವಾಸನೆಗೆ ಕಾಲು ತಾನಾಗಿ ನಿಂತುಬಿಡುತ್ತದೆ. ನೀವೂ ಬಿಟ್ಟುಬಂದ ಮನೆಯನ್ನು ಹೀಗೆಯೇ ಯಾವುದೋ ವಾಸನೆಯಲ್ಲಿ ಉಳಿಸಿಕೊಂಡಿರಬಹುದು. ನಮ್ಮದು ಉದ್ದನೆಯ ಮನೆ. ಮುಂದೆ ಕಟ್ಟೆ, ಅದರ ಹಿಂದೆ ಕರಿಕಲ್ಲಿನ ಪಡಸಾಲೆ, ಜೋಳದ ಚೀಲ ಒಟ್ಟಿದ ನಡುಮನೆ, ಕಡೆಗೆ ಹಿತ್ತಲು. ಅಲ್ಲಿ ಬಾವಿ, ಎಮ್ಮೆಗಳು, ಒಂದು ಬೇವಿನ ಮರ. ಹದಿನಾಲ್ಕು ಮಂದಿ ಉಣ್ಣುತ್ತಿದ್ದೆವು. ಬೆಳಿಗ್ಗೆ ಅವ್ವ ಮತ್ತು ಚಿಗವ್ವ ಎದುರುಬದುರು ಕುಳಿತು ರೊಟ್ಟಿ ಬಡಿಯುವ ಸದ್ದು ಎಷ್ಟು ಹೊಂದಿಕೊಂಡಿರುತ್ತಿತ್ತೆಂದರೆ, ಒಬ್ಬಳೇ ಬಡಿಯುತ್ತಿದ್ದಾಳೆ ಎಂದುಕೊಂಡು ನಾವು ಹಾಸಿಗೆಯಲ್ಲೇ ಹೊರಳುತ್ತಿದ್ದೆವು.

ಆ ಮನೆಯ ಯಜಮಾನ ನಮ್ಮಜ್ಜ. ಎರಡನೆಯ ಮಹಾಯುದ್ಧದಲ್ಲಿ ಸಿಪಾಯಿಯಾಗಿ ಇಟಲಿಗೆ ಹೋಗಿ ಬಂದವನು. ಬಂದ ಮೇಲೆ ನಲವತ್ತು ವರ್ಷ ಎರೆಹೊಲದಲ್ಲಿ ಜೋಳ, ಹತ್ತಿ ಬೆಳೆದ. ಕಣ್ಣಿಗೆ ಪೊರೆ ಬಂದು ಅಕ್ಷರ ಮಸುಕಾದ ಮೇಲೆ ಅವನಿಗೆ ಪೇಪರ್ ಓದಿ ಹೇಳುವ ಕೆಲಸ ನನ್ನದಾಯಿತು. ತೊಂಬತ್ತರ ದಶಕದ ಆರಂಭ. ನಾನು ಏಳನೆಯ ಇಯತ್ತೆಯಲ್ಲಿದ್ದೆ. ಬೆಳಗಾವಿಯ ಬಸ್ಸಿನಲ್ಲಿ ಬಂದ ಪೇಪರನ್ನು ಕಟ್ಟೆಯ ಮೇಲೆ ಹರಡಿ, ಯುಗೊಸ್ಲಾವಿಯಾ ಎಂಬ ದೇಶ ಒಡೆಯಿತು ಎಂದು ನಾನು ಓದಿದ ದಿನ ಅಜ್ಜ ಎಲೆ ಅಡಿಕೆಯ ಚೀಲ ಕೆಳಗಿಟ್ಟ.

“ತಿರಸ್ತಿ ಮ್ಯಾಲಿನ ಗುಡ್ಡದ ಊರು ಯಾರ ಪಾಲಿಗೆ ಬಂತು, ನೋಡು ತಂಗಿ.”

ನಕಾಶೆಯಲ್ಲಿ ಟ್ರಿಯೆಸ್ಟ್ ಎಂದಿರುವ ಬಂದರನ್ನು ಅವನು ತಿರಸ್ತಿ ಎನ್ನುತ್ತಿದ್ದ. ಸಾಲೆಯ ಭೂಪಟದ ಪುಸ್ತಕ ತಂದು ಹುಡುಕಿದೆ. ಗುಡ್ಡದ ಊರು ಅದರಲ್ಲಿರಲಿಲ್ಲ. ಒಡೆದ ದೇಶ ಮಾತ್ರ ಇನ್ನೂ ಒಂದೇ ಹಸಿರು ಬಣ್ಣದಲ್ಲಿ ಇಡಿಯಾಗಿ ಕೂತಿತ್ತು. ಅಂದು ಅಜ್ಜ, ಆಯಿಗೂ, ಅಂದರೆ ನಮ್ಮಜ್ಜಿಗೂ, ಹೇಳಿರದಿದ್ದ ಕಥೆಯನ್ನು ನನಗೆ ಹೇಳಿದ.

ಯುದ್ಧವೇನೋ ಮುಗಿದಿತ್ತು. ಆದರೆ ಒಂದೇ ಪಕ್ಷದಲ್ಲಿ ನಿಂತು ಗೆದ್ದ ಎರಡು ಸೈನ್ಯಗಳು, ಅಜ್ಜನದು ಮತ್ತು ಯುಗೊಸ್ಲಾವಿಯಾದ್ದು, ಆ ಬಂದರು, ಆ ಗುಡ್ಡಗಳು ತಮಗೆ ಸೇರಬೇಕೆಂದು ಎದುರುಬದುರು ನಿಂತಿದ್ದವು. ದೊಡ್ಡವರು ನಕಾಶೆಯ ಮೇಲೆ ಗೆರೆ ಎಳೆದರು; ಅದನ್ನು ನೆಲದ ಮೇಲೆ ಸುಣ್ಣದಿಂದ ಎಳೆಯುವ ಕೆಲಸ ಅಜ್ಜನಂಥ ಸಿಪಾಯಿಗಳಿಗೆ ಬಂತು. ಗೆರೆ ಒಬ್ಬ ಮುದುಕಿಯ ಅಂಗಳದಲ್ಲಿ ಹಾದುಹೋಯಿತು. ಮನೆ ಈ ಕಡೆ, ದನದ ಕೊಟ್ಟಿಗೆ ಆ ಕಡೆ. ಅವಳ ಹೆಸರು ಮರಿಯಾ. ಅಜ್ಜ ಅವಳನ್ನು ಮರಿಯಾಯಿ ಎಂದು ಕರೆಯುತ್ತಿದ್ದ. ಗೆರೆಯ ಈಚೆ ನಿಂತು ಅವಳು ಹಾಲು ಬಿಗಿದ ಆಕಳನ್ನು ನೋಡುತ್ತಿದ್ದಳು. ದಾಟಲು ಅಪ್ಪಣೆ ಇರಲಿಲ್ಲ. ಒಂದು ಮಳೆಗೆ ಗೆರೆ ತೊಳೆದುಹೋಯಿತು. ಮತ್ತೆ ಎಳೆಯುವಾಗ ಅಜ್ಜ ಯಾರಿಗೂ ಹೇಳದೆ ಗೆರೆಯನ್ನು ಬಾಗಿಸಿ, ಕೊಟ್ಟಿಗೆಯನ್ನು ಸುತ್ತಿಸಿ, ಅವಳ ಮನೆಯ ಕಡೆ ಸೇರಿಸಿಬಿಟ್ಟ.

ಎರಡು ದಿನ ಅವಳು ಹಾಲು ಕರೆದಳು. ಮೂರನೆಯ ದಿನ ಆಚೆಯವರಿಗೆ ಗೊತ್ತಾಯಿತು. ಹತ್ತು ಮೊಳ ನೆಲಕ್ಕಾಗಿ ಎರಡೂ ಕಡೆಯವರು ಮಧ್ಯಾಹ್ನದವರೆಗೆ ಬಂದೂಕು ಹಿಡಿದು ನಿಂತರು. ಗುಂಡು ಹಾರಲಿಲ್ಲ. ಗೆರೆ ಮೊದಲಿನ ಜಾಗಕ್ಕೇ ಹೋಯಿತು. ಮುದುಕಿಯೇ ಸಿಪಾಯಿಯನ್ನು ಒಲಿಸಿಕೊಂಡಳೆಂದು ಆಚೆಯವರು ಅವಳ ಆಕಳನ್ನು ಹೊಡೆದುಕೊಂಡು ಹೋದರು. ಅಜ್ಜನ ಸಾಹೇಬರು ಅವನ ತೋಳಿನ ಹುದ್ದೆಯ ಪಟ್ಟಿ ಕಿತ್ತುಕೊಂಡರು. ಅದರ ಬಗ್ಗೆ ಅವನಿಗೆ ಬೇಸರವಿರಲಿಲ್ಲ.

“ಬಾಜೂ ಊರಾಗ ನಮ್ಮ ಸಿಪಾಯಿಗಳು ಸಾಹೇಬನ್ನ ಕೇಳಿ, ದಾಟಾಕ ಚೀಟಿ ಕೊಡಿಸಿದ್ರು. ನಾನೂ ಕೇಳಬಹುದಿತ್ತು,” ಎಂದ. “ಕೇಳಲಿಲ್ಲ. ಕದ್ದು ಉಪಕಾರ ಮಾಡಾಕ ಹೋಗಿ ಆಕಿ ಆಕಳಾ ಕಳದ್ನಿ.”

ಅದೇ ಬೇಸಿಗೆಯಲ್ಲಿ ನಮ್ಮ ಮನೆಯೂ ಒಡೆಯಿತು. ಅಪ್ಪನ ತಮ್ಮ ಕಾಕಾನಿಗೆ ಹೊಲವನ್ನೆಲ್ಲ ಕಬ್ಬಿಗೆ ಹಾಕುವ ಹುರುಪು. ಅಪ್ಪನಿಗೆ ಜೋಳ ಬಿಟ್ಟರೆ ಮನೆಯ ಅನ್ನವೇ ಹೋಯಿತೆಂಬ ಭಯ. ಮಾತಿಗೆ ಮಾತು ಬೆಳೆದು, ಒಂದು ದಿನ ಕಾಕಾ ಉಣ್ಣುತ್ತಿದ್ದ ಗಂಗಾಳ ಸರಿಸಿ ಎದ್ದು ವಾಟ್ನಿ ಆಗಲಿ ಎಂದ. ಆಸ್ತಿ ಪಾಲಾಗುವುದನ್ನು ನಮ್ಮ ಕಡೆ ವಾಟ್ನಿ ಎನ್ನುತ್ತಾರೆ. ಊರಿನ ನಾಲ್ಕು ಹಿರಿಯರು ಬಂದು ಟೇಪು ಹಿಡಿದು ಅಳೆದರು. ಸರಿಯಾಗಿ ನಡುವೆ ಗೋಡೆ ಕಟ್ಟಿದರೆ ಬಾವಿ ಪೂರ್ತಿ ಕಾಕಾನ ಕಡೆ ಬೀಳುತ್ತಿತ್ತು. ಅವ್ವ ಕೊಡ ಹಿಡಿದು ನಡುಮನೆಯ ಹೊಸ್ತಿಲಲ್ಲಿ ಕೂತುಬಿಟ್ಟಿದ್ದಳು.

“ಯಜಮಾನ್ರ, ಹಿತ್ತಲದಾಗ ಗೆರಿ ಒಂದೀಟು ಬಾಗಸ್ರಿ. ಬಾವಿ ಅರ್ಧಾ ಅರ್ಧಾ ಆಗಲಿ,” ಎಂದರು ಹಿರಿಯರಲ್ಲೊಬ್ಬರು.

“ನಾ ಬಾಗಸೂದಿಲ್ರಿ. ಬಾಗಿಸಿದ ಗೆರಿ ನಾಳೆ ಇವರ ಮಕ್ಕಳು ತಿದ್ದತಾರ,” ಎಂದ ಅಜ್ಜ. ಸುಣ್ಣದ ಬುಟ್ಟಿ ತರಿಸಿ, ಪೊರೆ ಬಂದ ಕಣ್ಣಿನಲ್ಲೇ, ಹಗ್ಗ ಹಿಡಿಯದೆ ಪಡಸಾಲೆಯಿಂದ ನೆಟ್ಟಗೆ ಗೆರೆ ಎಳೆಯುತ್ತ ಹೊರಟ. ನಾವೆಲ್ಲ ಅವನ ಹಿಂದೆ ನಡೆದೆವು. ಬಾವಿಯ ಹತ್ತಿರ ಬಂದವನು ಕೈ ಎತ್ತಿದ. ಎರಡು ಹೆಜ್ಜೆ ಖಾಲಿ ಬಿಟ್ಟು, ಮತ್ತೆ ಮುಂದಕ್ಕೆಳೆದ.

“ಇಲ್ಲಿ ಬಾಗಿಲಾ ಇರಬೇಕು. ಚಿಲಕಾ ಇರಬಾರದು. ಹಂಗಂತ ಪತ್ರದಾಗ ಬರೀರಿ, ಇಲ್ಲಂದ್ರ ನಾ ಸಹಿ ಹಾಕೂದಿಲ್ಲ.”

ಕಾಕಾ ಕೆಂಪಗಾದ. “ಬಾಗಿಲಾ ಇಡೂದಾದ್ರ ಗ್ವಾಡಿ ಯಾಕ ಬೇಕು ಅಪ್ಪಾ?”

“ಗ್ವಾಡಿ ನೀವು ಕೇಳಿದ್ರಿ. ಬಾಗಿಲಾ ನಾ ಕೇಳಾಕತ್ತೇನಿ.”

ಹಿರಿಯರ ಎದುರಿಗೆ, ಹಾಡುಹಗಲಲ್ಲಿ, ಬಾಯಿಬಿಟ್ಟು ಕೇಳಿ ಪಡೆದ ಬಾಗಿಲು ಅದು. ಕಾಕಾ ಸಹಿ ಹಾಕಿದ, ಅಪ್ಪನೂ ಹಾಕಿದ. ಒಂದು ತಿಂಗಳಲ್ಲಿ ಗೋಡೆ ಎದ್ದಿತು. ಹೆಂಗಸರು ನೀರಿಗೆ, ಮೊಸರಿಗೆ, ಮಾತಿಗೆ ಬಾಗಿಲು ದಾಟುತ್ತಿದ್ದರು; ನಾವು ಮಕ್ಕಳಂತೂ ಯಾವ ಕಡೆ ಪಲ್ಯ ರುಚಿಯೋ ಆ ಕಡೆ. ಅಪ್ಪ ಮತ್ತು ಕಾಕಾ ಮಾತ್ರ ಎರಡು ವರ್ಷ ಒಬ್ಬರ ಅಂಗಳಕ್ಕೊಬ್ಬರು ಕಾಲಿಡಲಿಲ್ಲ.

ಒಂದು ಶುಕ್ರವಾರ ಕಾಕಾ ಬೈಲಹೊಂಗಲಕ್ಕೆ ಹೋಗಿದ್ದಾಗ ಅವನ ಎಮ್ಮೆ ಈಯತೊಡಗಿತು. ಕರುವಿನ ಕಾಲು ಅಡ್ಡ ಸಿಕ್ಕಿತ್ತು. ಚಿಗವ್ವ ಬಾಗಿಲಿಗೆ ಬಂದು, ಸೆರಗು ಹಿಡಿದು, “ಭಾವ್ನಾರ, ಎಮ್ಮಿ ಉಳಿಯೂ ಹಂಗ ಕಾಣೂದಿಲ್ರಿ,” ಎಂದಳು. ಅಪ್ಪ ಬಾಗಿಲಿನವರೆಗೆ ಹೋಗಿ ನಿಂತ. ಅಪ್ಪ ಅಂಗಿ ಬಿಚ್ಚಿ ನನ್ನ ಕೈಗೆ ಕೊಟ್ಟು, ತಲೆ ಬಗ್ಗಿಸಿ ದಾಟಿದ. ಕಾಕಾ ಬರುವಷ್ಟರಲ್ಲಿ ಕರು ಎದ್ದು ನಿಲ್ಲಲು ತಿಣುಕುತ್ತಿತ್ತು. ಅಪ್ಪನ ಮೊಣಕೈವರೆಗೆ ನೆತ್ತರು. ಕಾಕಾ ಚೀಲ ಕೆಳಗಿಟ್ಟ. ಆಮೇಲೆ ತಾನೇ ಬಾವಿಯಿಂದ ನೀರು ಸೇದಿ ಅಪ್ಪನ ಕೈಗೆ ಸುರಿದ.

“ಅಣ್ಣಾ, ಚಾ ಕುಡದ ಹೋಗು.”

“ಸಕ್ರಿ ಕಡಿಮಿ ಹಾಕಸು,” ಎಂದ ಅಪ್ಪ.

ನಾನು ಬೈಲಹೊಂಗಲದ ಕಾಲೇಜಿಗೆ ಸೇರಿದ ವರ್ಷ ಅಜ್ಜ ತೀರಿಕೊಂಡ. ಅವನನ್ನು ಹೊರಲು ಇಬ್ಬರು ಮಕ್ಕಳೂ ಮುಂದಿನ ಹೆಗಲು ಕೊಟ್ಟರು. ಎರಡು ಸಾವಿರದ ಈಚೆಗೆ ಎರಡೂ ಸಂಸಾರಗಳು ಹೊಲದಲ್ಲಿ ಹೊಸ ಮನೆ ಕಟ್ಟಿಕೊಂಡವು. ಹಳೆಯ ಮನೆಯ ಜಂತಿಗೆ ಗೆದ್ದಲು ಹತ್ತಿತ್ತು. ಇಳಿಸುವುದೆಂದು ಎಲ್ಲರೂ ಸೇರಿ ನಿರ್ಧರಿಸಿದರು. ಮದುವೆಯಾಗಿ ರಾಮದುರ್ಗಕ್ಕೆ ಹೋಗಿದ್ದ ನಾನೂ ಆ ದಿನಕ್ಕೆಂದೇ ಬಂದೆ. ಆಯಿ ಬೇವಿನ ನೆರಳಿನಲ್ಲಿ ಕುರ್ಚಿ ಹಾಕಿಸಿಕೊಂಡು ಕೂತಿದ್ದಳು. ಕಲ್ಲುಗಳ ರಾಶಿ ಬಿದ್ದಿತ್ತು. ಮನೆ ಕೆಡವುವ ಮೇಸ್ತ್ರಿ ಬಂದು, ಯಾವ ಕಲ್ಲು ಯಾರ ಹೊಲಕ್ಕೆ ಹಾಕಬೇಕೆಂದು ಆಯಿಯನ್ನೇ ಕೇಳಿದ.

“ಎಲ್ಲಾ ಇವರಿಬ್ಬರ ಅಪ್ಪ ಹೊತ್ತು ತಂದ ಕಲ್ಲು. ಆರಿಸಬ್ಯಾಡೋ ತಮ್ಮಾ, ತುಂಬು,” ಎಂದಳು ಆಯಿ.

ಎರಡು ಟ್ರ್ಯಾಕ್ಟರುಗಳು ತುಂಬಿಕೊಂಡು ಹೋದವು. ಧೂಳು ತಗ್ಗಿದ ಮೇಲೆ ನೋಡಿದರೆ, ಹದಿನಾಲ್ಕು ಮಂದಿ ಇದ್ದ ಜಾಗ ಎಷ್ಟು ಚಿಕ್ಕದಿತ್ತು! ಮುಂದಿನ ಓಣಿಯಿಂದ ಹಿಂದಿನ ಓಣಿಯವರೆಗೆ ತಡೆಯಿಲ್ಲದೆ ಕಾಣುತ್ತಿತ್ತು. ಆಯಿ ನನ್ನ ಕೈ ಹಿಡಿದು ಎದ್ದಳು. ನಾವಿಬ್ಬರೂ, ಅಜ್ಜ ಗೆರೆ ಎಳೆದಿದ್ದ ದಾರಿಯಲ್ಲೇ, ಪಡಸಾಲೆಯಿದ್ದಲ್ಲಿಂದ ಹಿತ್ತಲಿದ್ದಲ್ಲಿಗೆ ನಿಧಾನವಾಗಿ ನಡೆದುಹೋದೆವು.